ಹತ್ತು ಸೆಕೆಂಡಿನ ಕಾನೂನು ಎಲ್ಲಿಯೂ ಇಲ್ಲ

‘ಹತ್ತು ಸೆಕೆಂಡ್ ಒಳಗಿದ್ರ ಏನೂ ಆಗಂಗಿಲ್ರೀ.’ ಹಿರೇವಡ್ಡಟ್ಟಿಯಿಂದ ಲಕ್ಷ್ಮೇಶ್ವರದವರೆಗೆ ಯೂಟ್ಯೂಬ್ ಚಾನೆಲ್ ನಡೆಸುವ ನಮ್ಮ ಹುಡುಗರು ಈ ಮಾತನ್ನು ಶಾಸನದಂತೆ ನಂಬಿದ್ದಾರೆ. ಕೆಲವರ ಪ್ರಕಾರ ಅದು ಏಳು ಸೆಕೆಂಡ್, ಇನ್ನು ಕೆಲವರಿಗೆ ಮೂವತ್ತು. ಹಳೆಯ ಸುದ್ದಿ ದೃಶ್ಯ, ಸಿನಿಮಾ ತುಣುಕುಗಳನ್ನು ಈ ಅಳತೆಗೇ ಕತ್ತರಿಸಿ ತಮ್ಮ ಮಾತಿಗೆ ಜೋಡಿಸುತ್ತಾರೆ. 1957ರ ಕೃತಿಸ್ವಾಮ್ಯ ಕಾಯ್ದೆಯಲ್ಲಿ ಇಷ್ಟು ಸೆಕೆಂಡಿನವರೆಗೆ ಮಾಫಿ ಎಂಬ ಸಾಲೇ ಇಲ್ಲ.

ಕಲಂ 52 ನೋಡುವುದು ಉದ್ದೇಶವನ್ನು. ವಿಮರ್ಶೆಗೆ, ಪ್ರಚಲಿತ ವಿದ್ಯಮಾನದ ವರದಿಗೆ, ಖಾಸಗಿ ಅಧ್ಯಯನಕ್ಕೆ ನ್ಯಾಯವಾಗಿ ಬಳಸಿದರೆ ಅದು ಉಲ್ಲಂಘನೆಯಲ್ಲ. 2011ರಲ್ಲಿ ಹಳ್ಳಿಗುಡಿಯ ಪೋಸ್ಕೊ ಉಕ್ಕು ಯೋಜನೆ ವಿರುದ್ಧ ಗದಗಿನ ತೋಂಟದ ಸಿದ್ಧಲಿಂಗ ಸ್ವಾಮೀಜಿ ಮುಂದೆ ನಿಂತು ನಡೆಸಿದ ಹೋರಾಟವನ್ನೇ ತೆಗೆದುಕೊಳ್ಳಿ. ಅಂದಿನ ಟಿವಿ ವರದಿಯ ಅರ್ಧ ನಿಮಿಷ ತೋರಿಸಿ, ಅದು ಹೇಳಿದ್ದೇನು, ಮುಚ್ಚಿಟ್ಟಿದ್ದೇನು ಎಂದು ಬಿಡಿಸಿ ಹೇಳಿದರೆ ಅದು ವಿಮರ್ಶೆ. ಅದೇ ಹೋರಾಟದ ಜನಸಾಗರದ ಐದು ಸೆಕೆಂಡನ್ನು ಇನ್ಯಾವುದೋ ಮಾತಿನ ಹಿಂದೆ ಅಂದಕ್ಕಾಗಿ ಓಡಿಸಿದರೆ ಅದಕ್ಕೆ ಕಲಂ 52ರ ಆಸರೆ ಸಿಗುವುದು ಕಷ್ಟ.

ಅತಿ ಕ್ಷುಲ್ಲಕ ಬಳಕೆಯನ್ನು ನ್ಯಾಯಾಲಯ ಮನ್ನಿಸಿದ್ದುಂಟು. 2012ರಲ್ಲಿ ಇಂಡಿಯಾ ಟಿವಿ ಮತ್ತು ಯಶ್‌ರಾಜ್ ಫಿಲ್ಮ್ಸ್ ಪ್ರಕರಣದಲ್ಲಿ ದೆಹಲಿ ಹೈಕೋರ್ಟ್ ಹಾಗೆ ಮಾಡಿತು. ಆದರೆ ಅದು ತೂಗಿದ್ದು ಹಾನಿ ಎಷ್ಟು, ಉದ್ದೇಶವೇನು ಎಂಬಂಥ ಅಂಶಗಳನ್ನು. ಸೆಕೆಂಡಿನ ಗೆರೆ ಎಳೆಯಲಿಲ್ಲ. ಪರಿಣಾಮವೂ ಸಣ್ಣದಲ್ಲ: 2022ರ ನವೆಂಬರಿನಲ್ಲಿ ‘ಕೆಜಿಎಫ್ 2’ರ ಸಂಗೀತವನ್ನು ಭಾರತ್ ಜೋಡೋ ಯಾತ್ರೆಯ ವಿಡಿಯೊಗೆ ಬಳಸಿದ್ದಾರೆಂಬ ದೂರಿನ ಮೇಲೆ ಬೆಂಗಳೂರಿನ ನ್ಯಾಯಾಲಯ ಕಾಂಗ್ರೆಸ್ಸಿನ ಟ್ವಿಟರ್ ಖಾತೆಯನ್ನೇ ತಡೆಹಿಡಿಯಲು ಹೇಳಿತು. ಮರುದಿನ ಹೈಕೋರ್ಟ್ ಆ ಆದೇಶ ರದ್ದುಮಾಡಿತು, ಆದರೆ ವಿಡಿಯೊ ತೆಗೆಯಬೇಕೆಂಬ ಷರತ್ತಿನೊಂದಿಗೆ. 2025ರಲ್ಲಿ ಎಎನ್‌ಐ ಸುದ್ದಿಸಂಸ್ಥೆ ಮತ್ತು ಯೂಟ್ಯೂಬರ್‌ಗಳ ನಡುವೆ ಎದ್ದ ಜಗಳವೂ ಇಂಥ ಸಣ್ಣ ತುಣುಕುಗಳದ್ದೇ. ಯೂಟ್ಯೂಬಿನಲ್ಲಿ 90 ದಿನದೊಳಗೆ ಮೂರು ಕೃತಿಸ್ವಾಮ್ಯ ಸ್ಟ್ರೈಕ್ ಬಿದ್ದರೆ ವರ್ಷಗಳ ದುಡಿಮೆಯ ಚಾನೆಲ್ ಹೋಗಬಹುದು.

ಹಳೆಯದೆಲ್ಲ ಪುಕ್ಕಟೆ ಎನ್ನುವುದೂ ಸುಳ್ಳು: ಸಿನಿಮಾ ಸ್ವಾಮ್ಯ ಬಿಡುಗಡೆಯ ಮರುವರ್ಷದಿಂದ 60 ವರ್ಷ, ಹಾಗಾಗಿ 1954ರ ‘ಬೇಡರ ಕಣ್ಣಪ್ಪ’ದ್ದು ಮುಗಿದಿದೆ, 1972ರ ‘ಬಂಗಾರದ ಮನುಷ್ಯ’ದ್ದು 2032ರ ಕೊನೆಯವರೆಗೆ ಇದೆ. ‘ಕೃಪೆ’ ಎಂದು ಹೆಸರು ಹಾಕುವುದು ಸೌಜನ್ಯ, ಅನುಮತಿಯಲ್ಲ. ದೃಶ್ಯವನ್ನು ಎಡ-ಬಲ ತಿರುಗಿಸಿದರೆ ಯೂಟ್ಯೂಬಿನ ಯಂತ್ರ ಮೋಸಹೋದೀತು, ಕಾಯ್ದೆ ಹೋಗದು.

ನನಗೆ ಸಿಟ್ಟು ತರಿಸುವುದು ವಿಡಿಯೊ ಕೆಳಗೆ ಅಂಟಿಸುವ ‘ಕಲಂ 107, ಕೃತಿಸ್ವಾಮ್ಯ ಕಾಯ್ದೆ 1976’ ಎಂಬ ಸಾಲು. ಅದು ಅಮೆರಿಕದ ಕಾಯ್ದೆ! ಯಾರೋ ಹಾಕಿದ್ದನ್ನು ಇನ್ಯಾರೋ ನಕಲು ಮಾಡಿದರು, ಓದಿದವರು ಯಾರೂ ಇಲ್ಲ. ಊರವರಿಗೆ ವಾಟ್ಸ್ಆ್ಯಪ್ ಸುದ್ದಿ ನಂಬಬೇಡಿ ಎಂದು ಬುದ್ಧಿ ಹೇಳುವ ಚಾನೆಲ್‌ಗಳೇ ತಮ್ಮ ಕಸುಬಿನ ಕಾನೂನನ್ನು ಗಾಳಿಮಾತಿನಿಂದ ಕಲಿಯುವುದು ಸರಿಯಲ್ಲ. ಕಲಿಯದಿದ್ದರೆ ಎರಡು ಕಡೆಯೂ ನಷ್ಟ: ತಪ್ಪು ಮಾಡಿದವರು ಧೈರ್ಯವಾಗಿರುತ್ತಾರೆ, ನ್ಯಾಯವಾಗಿ ವಿಮರ್ಶೆ ಮಾಡಿದವರು ಸ್ಟ್ರೈಕಿಗೆ ಹೆದರಿ ವಿಡಿಯೊ ಅಳಿಸಿಬಿಡುತ್ತಾರೆ. ಅಂಥವರು ಯೂಟ್ಯೂಬಿಗೆ ಪ್ರತಿ-ನೋಟಿಸ್ ಕೊಡಬಹುದು, ಕೊಡಬೇಕು.

ಹಳೆಯ ದೃಶ್ಯ ಹಾಕುವಾಗ ಅದರ ಮೇಲೆ ವರ್ಷ ಬರೆಯಿರಿ, ಬೇಕಾದಷ್ಟನ್ನೇ ತೆಗೆದುಕೊಳ್ಳಿ, ಅಂದಕ್ಕೆ ಬೇಕಾದ ದೃಶ್ಯವನ್ನು ನೀವೇ ಚಿತ್ರೀಕರಿಸಿ. ಕಾಯ್ದೆಯ ಪ್ರತಿ ಇಂಟರ್ನೆಟ್ಟಿನಲ್ಲಿ ಉಚಿತವಾಗಿ ಸಿಗುತ್ತದೆ. ಮುಂದಿನ ಕ್ಲಿಪ್ ಕತ್ತರಿಸುವ ಮೊದಲು ಕಲಂ 52 ಒಮ್ಮೆ ಓದಿ.