ಬೆಟ್ಟವೇ ಇಲ್ಲದ ಲಾವಾ ನೆಲ

ಲಾವಾ ಉಕ್ಕಬೇಕಾದರೆ ತುದಿಯಲ್ಲಿ ಬಾಯಿ ತೆರೆದ ಬೆಟ್ಟವೊಂದು ಇರಲೇಬೇಕು ಎಂಬ ನಂಬಿಕೆ ಬಹಳ ಜನರಲ್ಲಿದೆ. ಜಪಾನಿನ ಫ್ಯೂಜಿ, ಇಟಲಿಯ ವೆಸುವಿಯಸ್, ತಾಂಜಾನಿಯಾದ ಕಿಲಿಮಂಜಾರೊ ಹಾಗೆಯೇ ಇವೆ. ಆದ್ದರಿಂದ ಹುಮನಾಬಾದ್ ಸೀಮೆಯ ಕೊಡಂಬಲದಲ್ಲೋ ಬಸವಕಲ್ಯಾಣದಲ್ಲೋ ನಿಂತು ಇದು ಲಾವಾ ಹರಿದ ನೆಲ ಎಂದರೆ, ಹಾಗಾದರೆ ಆ ಬೆಟ್ಟ ಎಲ್ಲಿ ಎಂದು ಯಾರಾದರೂ ಕೇಳುತ್ತಾರೆ.

ಹುಡುಕುವ ಅಗತ್ಯವಿಲ್ಲ. ಸುಮಾರು 6.6 ಕೋಟಿ ವರ್ಷಗಳ ಹಿಂದೆ ದಖನ್ನಿನ ನೆಲ ಉದ್ದುದ್ದ ಬಿರಿಯಿತು. ಬಿರುಕುಗಳಿಂದ ಬಂದ ಲಾವಾ ನೀರಾಗಿದ್ದುದರಿಂದ ಗುಡ್ಡೆಯಾಗಿ ನಿಲ್ಲದೆ ತಗ್ಗು ತುಂಬುತ್ತ ದೂರದೂರಕ್ಕೆ ಹರಿಯಿತು. ಒಂದು ಪದರ ಆರಿದ ಮೇಲೆ ಇನ್ನೊಂದು. ಇಂದಿಗೂ ಸುಮಾರು 5 ಲಕ್ಷ ಚದರ ಕಿಲೋಮೀಟರ್ ನೆಲವನ್ನು ಆ ಕರಿಕಲ್ಲು, ಅಂದರೆ ಬಸಾಲ್ಟ್, ಹೊದ್ದಿದೆ. ಪಶ್ಚಿಮ ಘಟ್ಟದ ಕಡೆ ಬಹಳ ದಪ್ಪ, ಬೀದರ್ ಅಂಚಿಗೆ ಬರುವಾಗ ತೆಳು. ಬಿರುಕಿನಿಂದ ಲಾವಾ ಉಕ್ಕುವುದನ್ನು ಮನುಷ್ಯರೂ ಕಂಡಿದ್ದಾರೆ: 1783ರಲ್ಲಿ ಐಸ್‌ಲ್ಯಾಂಡಿನ ಲಾಕಿಯಲ್ಲಿ ಸುಮಾರು 27 ಕಿಲೋಮೀಟರ್ ಉದ್ದಕ್ಕೆ ನೆಲ ಬಾಯ್ಬಿಟ್ಟು, ಎಂಟು ತಿಂಗಳು ಲಾವಾ ಹರಿಯಿತು.

ಇನ್ನೊಂದು ತಪ್ಪು ತಿಳಿವಳಿಕೆ ಬೀದರ್ ಕಡೆಯ ಕೆಂಪು ಕಲ್ಲಿನದು. ಮೈತುಂಬ ತೂತಿರುವುದರಿಂದ ಇದು ಗುಳ್ಳೆ ಎದ್ದು ಗಟ್ಟಿಯಾದ ಲಾವಾ ಎನಿಸುತ್ತದೆ. ಅಲ್ಲ. ಅದು ಜಂಬಿಟ್ಟಿಗೆ. ಬಸಾಲ್ಟ್ ಲಕ್ಷಾಂತರ ವರ್ಷ ಮಳೆ-ಬಿಸಿಲಿಗೆ ಸವೆದು, ಸಿಲಿಕಾ ತೊಳೆದುಹೋಗಿ, ಕಬ್ಬಿಣ ಮತ್ತು ಅಲ್ಯೂಮಿನಿಯಂ ಅಂಶ ಉಳಿದು ಹುಟ್ಟಿದ್ದು. ಮೆದು ಭಾಗ ಕೊಚ್ಚಿಹೋದ ಜಾಗವೇ ಆ ತೂತು. ಬಸಾಲ್ಟ್ ಬೇರೆಡೆ ಸವೆದು ಎರೆ ಮಣ್ಣೂ ಆಗಿದೆ. ಕೆಂಪು, ಕಪ್ಪು ಎರಡಕ್ಕೂ ತಾಯಿ ಒಂದೇ ಕಲ್ಲು ಎಂಬುದು ನಮ್ಮ ಮಕ್ಕಳಿಗೆ ಹೇಳಲೇಬೇಕಾದ ಸಂಗತಿ.

ಮಹಾರಾಷ್ಟ್ರದ ಲೋಣಾರ್ ಸರೋವರವನ್ನು ಜ್ವಾಲಾಮುಖಿಯ ಬಾಯಿ ಎನ್ನುವವರೂ ಉಂಟು. ಅದು ಇದೇ ಬಸಾಲ್ಟ್ ಮೇಲೆ ಉಲ್ಕೆ ಅಪ್ಪಳಿಸಿ ಆದ, ಸುಮಾರು 1.8 ಕಿಲೋಮೀಟರ್ ಅಗಲದ ಕುಳಿ. ಹಾಗೆಯೇ ಎತ್ತರದ ಬೆಟ್ಟವೆಲ್ಲ ಜ್ವಾಲಾಮುಖಿಯಾಗಬೇಕಿಲ್ಲ: ನಮ್ಮ ಮುಳ್ಳಯ್ಯನಗಿರಿ ಬೆಟ್ಟ ಜ್ವಾಲಾಮುಖಿಯಲ್ಲ. ಹಿಮಾಲಯವೂ ಅಲ್ಲ, ಅದು ಭೂಖಂಡಗಳು ಒತ್ತಿ ಮಡಚಿ ಎದ್ದದ್ದು. ಭಾರತದಲ್ಲಿ ಈಗಲೂ ಬೆಂಕಿ ಉಗುಳುವ ಜ್ವಾಲಾಮುಖಿ ಅಂಡಮಾನಿನ ಬ್ಯಾರನ್ ದ್ವೀಪದಲ್ಲಿದೆ.

ಬೀದರಿನ ಕೆಂಪು ಕಲ್ಲು, ಕರಿಕಲ್ಲುಗಳ ಗುಟ್ಟು ಬಹಮನಿ ಸುಲ್ತಾನರ ಕಾಲದಲ್ಲೇ ಕೆಲಸಕ್ಕೆ ಬಂದಿತ್ತು. ಜಂಬಿಟ್ಟಿಗೆಯಲ್ಲಿ ಇಳಿದ ಮಳೆನೀರು ಕೆಳಗಿನ ಬಸಾಲ್ಟ್ ತಡೆದಲ್ಲಿ ನಿಲ್ಲುತ್ತದೆ. ಬೀದರಿನ ನೌಬಾದಿನಲ್ಲಿ ಕೊರೆದ ಸುರಂಗ ಬಾವಿಗಳು, ಅಂದರೆ ಕರೇಜ್, ಆ ನೀರನ್ನೇ ಇಳಿಜಾರಿನಲ್ಲಿ ಊರಿಗೆ ಹರಿಸಿದವು.