ಮುಪ್ಪಿನ ಮೂಲ: ಮೆಡಾವರರ ವಿಚಾರ

ಜೀರ್ಣವಾದ ಮುದಿ ಜೀವಿಗಳು ಎಳೆಯವುಗಳಿಗೆ ಎಡೆಮಾಡಿಕೊಡುವುದು ಸಂತತಿಗೆ ಹಿತವಾದುದರಿಂದ ಪ್ರಕೃತಿಯೇ ಮರಣವನ್ನು ವಿಧಿಸಿತೆಂದು ಜರ್ಮನಿಯ ಆಗಸ್ಟ್ ವೈಸ್‌ಮನ್ 1881ರಲ್ಲಿ ಪ್ರತಿಪಾದಿಸಿದರು. ಕೇಳುವುದಕ್ಕೆ ಸಮಾಧಾನಕರವಾದ ಈ ವಾದವು ತರ್ಕಕ್ಕೆ ನಿಲ್ಲುವಂಥದಲ್ಲ; ಮುದಿ ಜೀವಿಯು ಜೀರ್ಣವಾಗಿರುತ್ತದೆಂದು ಮೊದಲೇ ಒಪ್ಪಿಕೊಂಡು, ಜೀರ್ಣವಾಗುವುದೇಕೆಂಬುದನ್ನು ಅದರಿಂದಲೇ ಸಾಧಿಸಹೊರಡುವ ಅನ್ಯೋನ್ಯಾಶ್ರಯ ದೋಷ ಅದರಲ್ಲಿದೆ.

ಈ ಗಂಟನ್ನು ಬಿಡಿಸಿದವರು, ಮುಂದೆ 1960ರಲ್ಲಿ ರೋಗರಕ್ಷಾಶಾಸ್ತ್ರಕ್ಕಾಗಿ ನೊಬೆಲ್ ಪಾರಿತೋಷಕವನ್ನು ಹಂಚಿಕೊಂಡ ಪೀಟರ್ ಮೆಡಾವರ್. 1951ರಲ್ಲಿ ಲಂಡನ್ನಿನ ಯೂನಿವರ್ಸಿಟಿ ಕಾಲೇಜಿನಲ್ಲಿ ಮಾಡಿದ ಉಪನ್ಯಾಸದಲ್ಲಿ ಅವರು ಪ್ರಯೋಗಶಾಲೆಯ ಗಾಜಿನ ನಳಿಗೆಗಳನ್ನು ಉದಾಹರಿಸಿದರು. ಗಾಜಿಗೆ ಮುಪ್ಪಿಲ್ಲ, ಆದರೂ ಕೈಜಾರಿ ಒಡೆದವುಗಳ ಸ್ಥಾನದಲ್ಲಿ ಹೊಸವನ್ನು ಇರಿಸುತ್ತ ಹೋದರೆ, ಕೆಲಕಾಲದಲ್ಲಿ ಹೊಸ ನಳಿಗೆಗಳು ಹೇರಳವಾಗಿಯೂ ಹಳೆಯವು ವಿರಳವಾಗಿಯೂ ಇರುವುವು. ಅಂತೆಯೇ, ಮುಪ್ಪೇ ಇಲ್ಲದ ಲೋಕದಲ್ಲಿಯೂ ಬರಗಾಲ, ವ್ಯಾಧಿ, ಹಿಂಸ್ರಮೃಗಗಳಿಗೆ ಸಿಕ್ಕದೆ ದೀರ್ಘಕಾಲ ಉಳಿಯುವ ಪ್ರಾಣಿಗಳು ಕೆಲವೇ ಆದುದರಿಂದ, ಮುಂದಿನ ಪೀಳಿಗೆಗೆ ಅವುಗಳಿಂದ ಸಲ್ಲುವ ಸಂತಾನವೂ ಅತ್ಯಲ್ಪ. ಎಳೆತನದಲ್ಲೇ ಕೊಲ್ಲುವ ಆನುವಂಶಿಕ ದೋಷವನ್ನು ನಿಸರ್ಗದ ಆಯ್ಕೆಯು ಅಳಿಸಿಹಾಕುತ್ತದೆ. ಇಳಿವಯಸ್ಸಿನಲ್ಲಿ ತಲೆಯೆತ್ತುವ ದೋಷವು ಅಷ್ಟರಲ್ಲಿ ಮಕ್ಕಳಿಗೆ ಹರಿದುಹೋಗಿರುವುದರಿಂದ ಆಯ್ಕೆಯ ಕೈಗೆ ಸಿಕ್ಕುವುದೇ ಇಲ್ಲ. ಸಾಮಾನ್ಯವಾಗಿ ಮೂವತ್ತು ದಾಟಿದ ಬಳಿಕ ಮಿದುಳನ್ನು ಹಾಳುಗೆಡಹುವ ಹಂಟಿಂಗ್ಟನ್ ರೋಗದ ವಿಷಯದಲ್ಲಿ ಇದನ್ನು ಮೊದಲೇ ಗುರುತಿಸಿದ್ದವರು, ಕೊನೆಗಾಲದಲ್ಲಿ ಭಾರತಕ್ಕೆ ಬಂದು ನೆಲಸಿ ಭುವನೇಶ್ವರದಲ್ಲಿ ತೀರಿಕೊಂಡ ಜೆ. ಬಿ. ಎಸ್. ಹಾಲ್ಡೇನ್.

ಮುಪ್ಪು ಹಾಗಾದರೆ ವಿಧಿಸಿದ ಶಾಸನವಲ್ಲ, ಉಪೇಕ್ಷೆಯ ಫಲ. ಇದು ಕಠೋರವಾದ ಮಾತೇ ಸರಿ. ಆದರೆ ಮರಣಕ್ಕೊಂದು ಪರೋಪಕಾರದ ಉದ್ದೇಶವನ್ನು ಅಂಟಿಸುವುದಕ್ಕಿಂತ ಇದು ಪ್ರಾಮಾಣಿಕವಾದುದೆಂದು ನನ್ನ ಭಾವನೆ. 

ಅಮೆರಿಕದ ಜಾರ್ಜ್ ವಿಲಿಯಮ್ಸ್ 1957ರಲ್ಲಿ ಈ ವಿಚಾರವನ್ನು ಇನ್ನೂ ಮುಂದಕ್ಕೊಯ್ದರು: ಯೌವನದಲ್ಲಿ ಮೂಳೆಗೆ ಸುಣ್ಣದ ಅಂಶವನ್ನು ತುಂಬಿ ಬಲಪಡಿಸುವ ಜೀನೇ ವೃದ್ಧಾಪ್ಯದಲ್ಲಿ ರಕ್ತನಾಳವನ್ನು ಗಡುಸುಗೊಳಿಸುವುದೆಂದು ಕಲ್ಪಿಸಿಕೊಂಡರೂ, ಆಯ್ಕೆಯು ಅದನ್ನು ಆದರಿಸೀತೇ ಹೊರತು ನಿರಾಕರಿಸದು. ಅಪಘಾತದ ಮರಣ ಎಲ್ಲಿ ಕಡಿಮೆಯೋ ಅಲ್ಲಿ ಮುಪ್ಪು ನಿಧಾನವಾಗಿರಬೇಕೆಂಬುದು ಈ ಸಿದ್ಧಾಂತದಿಂದ ಫಲಿಸುವ ನಿರೀಕ್ಷೆ. ಸುತ್ತಲೂ ಶತ್ರುಗಳಿರುವ ಇಲಿಯು ಸುರಕ್ಷಿತವಾದ ಪಂಜರದಲ್ಲಿಟ್ಟು ಸಾಕಿದರೂ ಎರಡು ಮೂರು ವರ್ಷಗಳಲ್ಲಿ ಜೀರ್ಣವಾಗುತ್ತದೆ. ಇರುಳಲ್ಲಿ ಹಾರುತ್ತ, ಶತ್ರುಗಳಿಗೆ ಸುಲಭವಾಗಿ ಸಿಕ್ಕದ ಬಾವಲಿಗಳಲ್ಲಾದರೋ, ಇಲಿಗಿಂತಲೂ ಹಗುರವಾದ ಬ್ರಾಂಟ್ ಬಾವಲಿಯೊಂದು ಸೈಬೀರಿಯದಲ್ಲಿ 41 ವರ್ಷ ಬದುಕಿದ್ದುದು ದಾಖಲಾಗಿದೆ.