ಬೆಟ್ಟದಿಂದ ಬಿದ್ದ ಗೌರಿ, ಗಡಿಯಾಚೆಯ ವೀಕ್ಷಕರು

1956ರವರೆಗೆ ಬೀದರ್ ಜಿಲ್ಲೆಯಲ್ಲಿದ್ದ ಜಹೀರಾಬಾದ್ ಮತ್ತು ನಾರಾಯಣಖೇಡ, ಗುಲಬರ್ಗಾ ಜಿಲ್ಲೆಯಲ್ಲಿದ್ದ ತಾಂಡೂರು, ರಾಜ್ಯಗಳ ಪುನರ್ವಿಂಗಡಣೆಯಲ್ಲಿ ಆಂಧ್ರಪ್ರದೇಶಕ್ಕೆ ಸೇರಿ, ಇಂದು ತೆಲಂಗಾಣದಲ್ಲಿದ್ದರೂ, ಅಲ್ಲಿನ ಕನ್ನಡ ಮನೆಗಳಿಗೆ ನುಡಿಯನ್ನು ತಲುಪಿಸುವ ದಾರಿಗಳಲ್ಲಿ ಧಾರಾವಾಹಿಯೂ ಒಂದು. ಆದ್ದರಿಂದ ಒಂದು ಕಂತು, ಅಂದರೆ ಒಂದು ದಿನದ ಕಥಾಭಾಗ, ಕೆಟ್ಟಾಗ ಅಲ್ಲಿನ ಅಭಿಮಾನಿಗೆ ಆಗುವ ಬೇಸರ ಸಣ್ಣದಲ್ಲ.

2012ರಲ್ಲಿ ಆರಂಭವಾದ ‘ಪುಟ್ಟಗೌರಿ ಮದುವೆ’ ಧಾರಾವಾಹಿ ಬಾಲ್ಯವಿವಾಹದ ನೋವನ್ನು ಮನೆಮಾತಿನಲ್ಲಿ ಹೇಳಿ ಪ್ರೀತಿ ಗಳಿಸಿತ್ತು. ಮುಂದೆ ಅದರ ನಾಯಕಿ ಗೌರಿ ಬೆಟ್ಟದಿಂದ ಬಿದ್ದೂ ಬದುಕುಳಿದಾಗ ಸಾಮಾಜಿಕ ಜಾಲತಾಣಗಳು ನಕ್ಕವು. ಕಾವ್ಯಮೀಮಾಂಸೆ ಇಂಥದ್ದನ್ನು ಅನೌಚಿತ್ಯ ಎನ್ನುತ್ತದೆ, ಅಂದರೆ ಪಾತ್ರಕ್ಕೂ ಸನ್ನಿವೇಶಕ್ಕೂ ಹೊಂದದ ನಡೆ, ಅದರಿಂದ ರಸ ಕೆಡುತ್ತದೆ. ತಾಂಡೂರಿಗೆ ದೂರವಲ್ಲದ ಮಳಖೇಡದಿಂದ ಆಳಿದ ರಾಷ್ಟ್ರಕೂಟರ ಆಸ್ಥಾನದಲ್ಲಿ, 9ನೆಯ ಶತಮಾನದಲ್ಲಿ ರಚಿತವಾದ ಕಾವ್ಯಲಕ್ಷಣ ಗ್ರಂಥ ‘ಕವಿರಾಜಮಾರ್ಗ’ ತನ್ನ ಮೊದಲ ಪರಿಚ್ಛೇದದಲ್ಲೇ ಕಾವ್ಯದೋಷಗಳನ್ನು ವಿಚಾರಿಸಿದೆ; ದೋಷವನ್ನು ಗುರುತಿಸುವುದು ಈ ನೆಲದ ಹಳೆಯ ಅಭ್ಯಾಸ, ಅದು ದ್ವೇಷವಲ್ಲ.

ಅಭಿಮಾನಿಯ ಇಬ್ಬಂದಿತನವೂ ಇಲ್ಲೇ ಇದೆ: ದೃಶ್ಯವನ್ನು ಬುದ್ಧಿ ಒಪ್ಪುವುದಿಲ್ಲ, ಆದರೆ ಬಾಲ್ಯದಿಂದ ಕಂಡ ಗೌರಿ ಬದುಕಿದಳೆಂದು ಮನಸ್ಸು ಹಗುರಾಗುತ್ತದೆ. ಎರಡೂ ನಿಜವಾದ ಭಾವಗಳು. ಗೌರಿಯಂಥ ಪಾತ್ರಕ್ಕೆ ಆ ಕಂತು ತಕ್ಕದ್ದಾಗಿರಲಿಲ್ಲ.